ಪೆದ್ದಣ್ಣ ಇಲ್ಲಿಯವನೇ

ರಾಯಚರ್ಲಿನ ಪೆದ್ದಣ್ಣನ ಸಂಕಟಕ್ಕೆ ಮೂಲ ಒಂದು ಮೇಕೆ. ಬೆಳಿಗ್ಗೆ ಎಂಟು ಗಂಟೆಗೆ ಅದು ಬೇಲಿಯ ಕೆಳಗೆ ನುಸುಳಿ, ಅವನು ಆಗಷ್ಟೇ ತೊಳೆದು ಒರೆಸಿದ್ದ ಸೋಲಾರ್ ಪ್ಯಾನೆಲಿನ ಮೇಲೆ ಹತ್ತಿ, ಹೊಸದಾಗಿ ಗೆದ್ದ ಪಂಚಾಯಿತಿ ಮೆಂಬರನ ಹಾಗೆ ನಾಲ್ಕೂ ದಿಕ್ಕು ನೋಡುತ್ತಾ ನಿಂತಿತ್ತು.

"ದಿಗವೇ! ದಿಗು ದಿಗು! ಟುರ್‍ರ್‍ರೋ... ಹೇಯ್, ಬ್ಯಾ ಬ್ಯಾ ಬ್ಯಾ!" ಎಂದು ಪೆದ್ದಣ್ಣ ಬ್ರಷ್ ಬೀಸುತ್ತಾ ಗಡಿನಾಡಿನ ತೆಲುಗಿನಲ್ಲಿ ಕೂಗಿದ.

ಮೇಕೆ ಇಳಿದು ಹೋಯಿತು. ಆದರೆ ಆ ಕೂಗಿಗೆ ಸೋಲಾರ್ ಕಂಪನಿಯ ಸೂಪರ್‌ವೈಸರ್ ಸುನಿಲ್‌ಕುಮಾರ್ ಓಡಿ ಬಂದ. ಅವನು ಬೆಂಗಳೂರಿನಿಂದ ಬಂದು ಹದಿನೈದು ದಿನವಾಗಿತ್ತು. ‘ಗಡಿ ದಾಟಿ ಬಂದವರು ನಿಮ್ಮ ಪಕ್ಕದಲ್ಲೇ ಇರಬಹುದು, ಎಚ್ಚರ’ ಎಂಬ ಮೆಸೇಜು ಅವನ ಫೋನಿಗೆ ದಿನಕ್ಕೆ ಇಪ್ಪತ್ತು ಸಲ ಬರುತ್ತಿತ್ತು.

"ಏನ್ರೀ ಅದು, ಯಾವ ಭಾಷೆ?"

"ಮೇಕೆ ಭಾಷೆ ಸಾ."

"ತಮಾಷೆ ಬೇಡ. ಎಲ್ಲಿಯವರು ನೀವು? ಬಾಂಗ್ಲಾನಾ?"

ಪೆದ್ದಣ್ಣನಿಗೆ ಗೊತ್ತಿದ್ದ ಬಂಗ್ಲೆ ಒಂದೇ, ಸಾಹೇಬರುಗಳು ಬಂದಾಗ ಇಳಿದುಕೊಳ್ಳುವ ಬಂಗ್ಲೆ. "ಅಯ್ಯೋ, ನಾನ್ಯಾಕೆ ಬಂಗ್ಲೇಲಿರ್ಲಿ ಸಾ? ಶೀಟಿನ ಮನೆ ನಮ್ದು."

ಸುನಿಲ್‌ಕುಮಾರ್ ಜೇಬಿನಿಂದ ಮಡಿಸಿದ ಕಾಗದ ತೆಗೆದ. "ಕಂಪನಿಯಿಂದ ಲೆಟರ್ ಬಂದಿದೆ. ಕೆಲಸಗಾರರದು ಎರಡು ಪಟ್ಟಿ ಮಾಡ್ಬೇಕು, ಈ ಊರಿನವರದು ಒಂದು, ಹೊರಗಿನವರದು ಒಂದು. ಸಂಜೆ ಐದರೊಳಗೆ ಈ ಊರಿನವರು ಅನ್ನೋ ಸರ್ಕಾರದ ಕಾಗದ ತಂದರೆ ಇಲ್ಲಿಯವರು. ತರದೇ ಇದ್ದರೆ ಹೊರಗಿನವರು. ಎಲ್ಲರಿಗೂ ಇದೇ ರೂಲು."

ಪಕ್ಕದ ಸಾಲಿನಲ್ಲಿ ನೀರು ಹೊಡೆಯುತ್ತಿದ್ದ ನಾಗಲಿಂಗಯ್ಯ ಪೈಪು ಬಿಸಾಡಿ ಬಂದ. ಅವನು ಪೆದ್ದಣ್ಣನ ಪಕ್ಕದ ಮನೆಯವನು. ಬೇರೆಯವರ ಕಷ್ಟ ಎಂದರೆ ಅವನಿಗೆ ಮದುವೆ ಊಟ ಇದ್ದ ಹಾಗೆ, ಕರೆಯದಿದ್ದರೂ ಮೊದಲ ಪಂಕ್ತಿಯಲ್ಲಿ ಕೂರುತ್ತಿದ್ದ.

"ಕೆಟ್ಯಲ್ಲೋ ಪೆದ್ದಣ್ಣ! ಹೊರಗಿನೋರ್ಗೆಲ್ಲ ಗಂಟುಮೂಟೆ ಕಟ್ಟಿಸ್ತಾರೆ ಕಣ್ಲಾ. ನಂದೇನು ಬುಡು, ನಮ್ ತಾತ ಮುತ್ತಾತ ಎಲ್ಲಾ ಇಲ್ಲೇ ಮಣ್ಣಾದೋರು. ಕಷ್ಟ ಇರೋದು ನಿಂದು. ಹತ್ತು ಗಾಡಿ!"

ಈ ಕೆಲಸ ಹೋದರೆ ಪೆದ್ದಣ್ಣನಿಗೆ ಬೇರೆ ದಾರಿ ಇರಲಿಲ್ಲ. ಅವನು ಕುರಿ ಮೇಕೆ ಮೇಯಿಸುತ್ತಿದ್ದ ಬಯಲೆಲ್ಲ ಈಗ ಪ್ಯಾನೆಲುಗಳ ಕೆಳಗಿತ್ತು. ಮಂದೆ ಮಾರಿದ್ದ. ತಾನು ಹುಲ್ಲು ಹುಡುಕಿ ಅಲೆದ ಜಾಗದಲ್ಲೇ ಈಗ ಗಾಜು ಒರೆಸುತ್ತಿದ್ದ. ಐವತ್ತು ದಾಟಿದವನು ಹಿಂದು ಮುಂದು ನೋಡದೆ ನಾಗಲಿಂಗಯ್ಯನ ಬೈಕು ಹತ್ತಿದ.

ನಾಡಕಚೇರಿಯಲ್ಲಿ ಗ್ರಾಮ ಲೆಕ್ಕಿಗ ಚನ್ನಮಲ್ಲಯ್ಯನವರು ಆಧಾರ್ ಕಾರ್ಡನ್ನು ಬೆಳಕಿಗೆ ಹಿಡಿದು ನೋಡಿದರು. "ನೀನು ಯಾರು ಅಂತ ಇದು ಹೇಳುತ್ತೆ. ಎಲ್ಲಿಯವನು ಅಂತ ಹೇಳಲ್ಲಪ್ಪ. ವೋಟರ್ ಕಾರ್ಡು ಎಲ್ಲಿ?"

ಅದನ್ನು ಕೊಡಲು ಪೆದ್ದಣ್ಣ ಹಿಂದೇಟು ಹಾಕಿದ. ವೋಟರ್ ಕಾರ್ಡಿನಲ್ಲಿ ಅವನು ದೊಡ್ಡಣ್ಣ. ಹೆಸರು ಬರೆದುಕೊಳ್ಳಲು ಬಂದಿದ್ದ ಮೇಷ್ಟ್ರು ಕನ್ನಡಾಭಿಮಾನಿ. ‘ತೆಲುಗಿನಲ್ಲಿ ದೊಡ್ಡವನಾಗಿ ಕನ್ನಡದಲ್ಲಿ ಯಾಕಪ್ಪ ಪೆದ್ದನಾಗ್ತೀಯ’ ಎಂದು ಮರುಕಪಟ್ಟು ಹೆಸರನ್ನು ಅಲ್ಲೇ ಅನುವಾದ ಮಾಡಿಬಿಟ್ಟಿದ್ದರು.

"ದೊಡ್ಡಣ್ಣ ಯಾರು?"

"ನಾನೇ ಸಾ."

"ಪೆದ್ದಣ್ಣ?"

"ಅವ್ನೂ ನಾನೇ ಸಾ."

"ಒಬ್ಬ ಇಲ್ಲಿಯವನು ಅಂತ ಸಾಬೀತು ಮಾಡೋದೇ ಕಷ್ಟ, ನೀನು ಇಬ್ಬರನ್ನ ತಂದಿದ್ದೀಯ. ಹೋಗು, ಸ್ಕೂಲ್ ರಿಜಿಸ್ಟರಿನ ನಕಲು ತಗೊಂಡು ಬಾ."

ಶಾಲೆಯ ರಿಜಿಸ್ಟರಿನ ಅರ್ಧ ಭಾಗ ಗೆದ್ದಲಿನ ಹೊಟ್ಟೆ ಸೇರಿತ್ತು. ಅವನ ಅದೃಷ್ಟಕ್ಕೆ ಅವನ ಹೆಸರಿನ ಸಾಲು ಉಳಿದಿತ್ತು. ಹೆಡ್‌ಮಿಸ್ಸು ಲೋಹಿತಾ ಅದನ್ನು ಹಾಗೇ ನಕಲು ಮಾಡಿ ಸಹಿ ಹಾಕಿದರು. ಎರಡನೇ ತರಗತಿ, ಆಮೇಲೆ ಗೈರು. ಹುಟ್ಟಿದ ಸ್ಥಳ: ಬಯಲು.

"ಬಯಲು ಯಾವ ರಾಜ್ಯಕ್ಕೆ ಸೇರುತ್ತಯ್ಯಾ?" ಚನ್ನಮಲ್ಲಯ್ಯನವರು ಕನ್ನಡಕ ತೆಗೆದರು. "ನಿಮ್ಮೂರಿಂದ ಎರಡು ಹೊಲ ದಾಟಿದರೆ ಆಂಧ್ರ. ನಾಳೆ ಯಾರಾದರೂ ಅರ್ಜಿ ಹಾಕಿದರೆ ನನ್ನ ಕೊರಳಿಗೆ ಬರುತ್ತೆ. ಹುಟ್ಟಿದ್ದು ನೋಡಿದವರು ಯಾರಾದರೂ ಬದುಕಿದ್ದಾರಾ?"

"ನಮ್ಮವ್ವ ಅವ್ಳೆ ಸಾ."

ಮೂರು ಗಂಟೆಗೆ ಬೈಕು ಮತ್ತೆ ನಾಡಕಚೇರಿಗೆ ಬಂತು. ಇಬ್ಬರ ನಡುವೆ ಒತ್ತಿಟ್ಟ ಮೂಟೆಯ ಹಾಗೆ ಎಂಬತ್ತು ದಾಟಿದ ಓಬಕ್ಕ ಕೂತಿದ್ದಳು. ದಾರಿಯುದ್ದಕ್ಕೂ ನಾಗಲಿಂಗಯ್ಯ ಪಾಠ ಹೇಳಿದ್ದ. "ಓಬಕ್ಕ, ಎಲ್ಲಿ ಹುಟ್ದ ಅಂದ್ರೆ ರಾಯಚರ್ಲು ಅನ್ನು. ಇನ್ನೊಂದು ಮಾತು ಬ್ಯಾಡ."

"ಆಯ್ತು ಬುಡ್ಲಾ, ನಂಗೇನು ಅಷ್ಟೂ ತಿಳಿಯಾಕಿಲ್ವಾ?"

ಚನ್ನಮಲ್ಲಯ್ಯನವರು ಕುರ್ಚಿ ಹಾಕಿಸಿ ಕೂರಿಸಿ ಕೇಳಿದರು. "ಮಗನ್ನ ಎಲ್ಲಿ ಹೆತ್ತೆ ತಾಯಿ?"

"ಸುಳ್ಳು ಯಾಕೆ ಯೋಳ್ಲಿ ಸ್ವಾಮಿ. ನೋವು ಕಾಣಿಸ್ಕಂಡಿದ್ದು ಈ ಕಡೆ. ಹೆತ್ತಿದ್ದು ಆ ಕಡೆ, ಆಂಧ್ರದ ಹಳ್ಳದಾಗೆ. ಮೇಕೆ ಅತ್ಲಾಗೆ ಓಡಿದ್ವು, ನಾನೂ ಹಿಂದೆ ಓಡ್ದೆ. ಈ ನನ್ಮಗ ಅಲ್ಲೇ ಬಿದ್ದ."

ನಾಗಲಿಂಗಯ್ಯ ಹಣೆ ಚಚ್ಚಿಕೊಂಡ. ಪೆದ್ದಣ್ಣನಿಗೆ ಅವ್ವನ ಮೇಲೆ ಸಿಟ್ಟೂ ಬರಲಿಲ್ಲ. ಇಡೀ ಜೀವಮಾನದಲ್ಲಿ ಸುಳ್ಳು ಹೇಳದವಳನ್ನು ಸುಳ್ಳು ಹೇಳೆಂದು ಮೂರು ಜನರ ಬೈಕಿನಲ್ಲಿ ಹೊತ್ತು ತಂದದ್ದು ತಾನೇ. ಚನ್ನಮಲ್ಲಯ್ಯನವರು ಪೆನ್ನಿಗೆ ಕ್ಯಾಪು ಹಾಕಿದರು.

"ಪೆನ್ನು ಯಾಕೆ ಮುಚ್ಚಿದ್ರಿ?" ಓಬಕ್ಕ ಎದ್ದು ನಿಂತಳು. "ಒಂಬತ್ತು ತಿಂಗ್ಳು ಇದೇ ಊರ ನೀರು ಕುಡ್ದು ಹೊತ್ತಿದೀನಿ. ಕುಡುಗೋಲಾಗೆ ನಾನೇ ಹೊಕ್ಕಳ ಬಳ್ಳಿ ಕುಯ್ಕಂಡು, ಸೆರಗಾಗೆ ಸುತ್ಕಂಡು, ಹೊತ್ತು ಮುಳುಗೋದ್ರೊಳಗೆ ಈ ಕಡೆ ಬಂದಿದೀನಿ. ಒಂದು ಮಧ್ಯಾಹ್ನ ಆ ಕಡೆ ಇದ್ದಿದ್ಕೆ ನನ್ ಮಗ ಪರದೇಸಿ ಆಗೋದ್ನಾ? ನಾನಿನ್ನೂ ಬದುಕಿದೀನಿ ಸ್ವಾಮಿ!"

ಚನ್ನಮಲ್ಲಯ್ಯನವರು ಪೆನ್ನಿನ ಕ್ಯಾಪು ಮತ್ತೆ ತೆಗೆದು, "ಇದನ್ನ ಯಾವ ಕಾಲಮ್ಮಿನಲ್ಲಿ ಬರೀಲಿ ತಾಯಿ?" ಎಂದರು. ಆಮೇಲೆ ಕಾಲಮ್ಮುಗಳಿಲ್ಲದ ಬಿಳಿ ಹಾಳೆ ತೆಗೆದುಕೊಂಡು ಬರೆದರು: ದೊಡ್ಡಣ್ಣ ಉರುಫ್ ಪೆದ್ದಣ್ಣ ಎಂಬುವರು ಹುಟ್ಟಿನಿಂದಲೂ ರಾಯಚರ್ಲಿನ ಕಾಯಂ ನಿವಾಸಿ. ಓಬಕ್ಕ ಹೆಬ್ಬೆಟ್ಟು ಒತ್ತಿದಳು. ಸಾಕ್ಷಿ ಎಂದಿದ್ದ ಕಡೆ ನಾಗಲಿಂಗಯ್ಯ ಕೊನೆಯ ಅಕ್ಷರಕ್ಕೆ ಉದ್ದ ಬಾಲ ಇಳಿಬಿಟ್ಟು ಸಹಿ ಹಾಕಿದ. ಸೀಲು ದಪ್ ಎಂದು ಬಿತ್ತು. ಪೆದ್ದಣ್ಣನ ಕಣ್ಣು ತುಂಬಿ ಬಂತು.

ಅವ್ವನನ್ನು ಮನೆಗೆ ಬಿಟ್ಟು ಗೇಟು ಮುಟ್ಟಿದಾಗ ಐದಕ್ಕೆ ಹತ್ತು ನಿಮಿಷವಿತ್ತು. ಸುನಿಲ್‌ಕುಮಾರ್ ಹಾಳೆಯನ್ನು ಎರಡು ಸಲ ಓದಿ, ಸೀಲಿನ ಮೇಲೆ ಬೆರಳಾಡಿಸಿ, "ವೆರಿ ಗುಡ್. ಇಷ್ಟು ಗಟ್ಟಿ ಕಾಗದ ಯಾರೂ ತಂದಿಲ್ಲ" ಎಂದು ಮೊದಲನೇ ಪಟ್ಟಿಯಲ್ಲಿ ಹೆಸರು ಬರೆದ.

"ನೀವು?"

ನಾಗಲಿಂಗಯ್ಯ ನಾಲಗೆ ಕಚ್ಚಿಕೊಂಡ. "ಅಯ್ಯೋ, ಇವನ್ ಗಲಾಟೇಲಿ ನಂದೇ ಮರ್ತೋಯ್ತು ಸಾ! ನಾಳೀಕೆ ತಂದ್ಬುಡ್ತೀನಿ. ನಮ್ ತಾತ ಮುತ್ತಾತ..."

"ಟೈಮ್ ಆಯ್ತು. ಹೊರಗಿನವರು" ಎಂದು ಎರಡನೇ ಪಟ್ಟಿಯಲ್ಲಿ ಬರೆದು, ಸುನಿಲ್‌ಕುಮಾರ್ ಪೆದ್ದಣ್ಣನ ಕಡೆ ಕೈ ಚಾಚಿದ. "ಹೆಲ್ಮೆಟ್ಟು, ಬ್ರಷ್ಷು ಕೊಟ್ಟುಬಿಡಿ."

"ಯಾಕೆ ಸಾ?"

"ಸ್ಥಳೀಯರು ಬೇಡ ಅಂತ ಕಂಪನಿ ತೀರ್ಮಾನ. ಊರವರು ಅಂದ್ರೆ ಇವತ್ತು ಹಬ್ಬ, ನಾಳೆ ತಿಥಿ, ನಾಡಿದ್ದು ಗೇಟಿನ ಮುಂದೆ ಧರಣಿ. ಹೊರಗಿನವರಾದ್ರೆ ಹೇಳಿದಷ್ಟು ಮಾಡ್ಕೊಂಡು ಶೆಡ್ಡಲ್ಲಿ ಬಿದ್ದಿರ್ತಾರೆ. ಗಂಟುಮೂಟೆ ಅವರದ್ದಲ್ಲ, ನಿಮ್ಮದು. ನಾಗಲಿಂಗಯ್ಯ, ಬೆಳಿಗ್ಗೆ ಆರಕ್ಕೆ ಡ್ಯೂಟಿ."

ನಾಗಲಿಂಗಯ್ಯನಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಕೊನೆಗೆ ತಾತ ಮುತ್ತಾತರನ್ನು ಮಣ್ಣಿನಲ್ಲೇ ಬಿಟ್ಟು, "ಆಯ್ತು ಸಾ" ಎಂದ.

ಪೆದ್ದಣ್ಣ ನಡೆದುಕೊಂಡೇ ಮನೆಗೆ ಬಂದ. ಓಬಕ್ಕ ಜಗಲಿಯ ಮೇಲೆ ಕಾಯುತ್ತಿದ್ದಳು. "ಕಾಗ್ದ ನೋಡಿದ್ರಾ? ಏನಂದ್ರು?"

"ನಾನು ಇಲ್ಲಿಯೋನೇ ಅಂತೆ ಕಣವ್ವ."

"ನಾನ್ ಯೋಳ್ಲಿಲ್ವಾ! ನಾಳೆ ಕೆಲ್ಸಕ್ಕೆ ಹೊತ್ತಿಗೆ ಮುಂಚೆ ಎಬ್ಬಿಸ್ಲಾ?"

"ಎಬ್ಬಿಸು. ಹಿಂದೂಪುರದ ಬಸ್ಸು ಹಿಡೀಬೇಕು."

"ಅಲ್ಯಾಕ್ಲಾ?"

ಪೆದ್ದಣ್ಣ ಚಪ್ಪಲಿ ಬಿಟ್ಟು ಅವ್ವನ ಪಕ್ಕ ಕೂತ. "ಆಂಧ್ರದಾಗೆ ನಾನು ಹೊರಗಿನೋನು. ಕೆಲ್ಸಕ್ಕೆ ತಗಂಡ್ರೆ ತಗಬೋದು."