ಐದು ನಿಮಿಷದ ಗಂಟೆಯೂ ಮಾಸ್ತರರ ಎಮ್ಮೆಯೂ

ನಮ್ಮ ಜಿಲ್ಲೆಯಲ್ಲಿ ನಾಲ್ಕು ಕವಿಗಳನ್ನು ವೇದಿಕೆ ಹತ್ತಿಸಿದರೆ ಐದು ಭಾಷೆ ಕೆಳಗಿಳಿಯುತ್ತವೆ. ನಡುವೆ ಗಡಿಯಾರ ಹಿಡಿದು ನಿಂತವನಿಗೆ ಏನಾದರೊಂದು ಆಗುತ್ತಲೇ ಇರುತ್ತದೆ. ಬಹುಭಾಷಾ ಕವಿಗೋಷ್ಠಿಯ ಸಂಚಾಲಕನಾದ್ದರಿಂದ ಹಾಗೆ ನಿಂತವನು ನಾನು. ಓದಿದ್ದು ಇಂಗ್ಲಿಷ್ ಮೀಡಿಯಂ. ಒಬ್ಬರು ಮಾತಾಡುವಾಗ ಉಳಿದವರು ಸುಮ್ಮನಿರಬೇಕು, ಸಮಯ ಮುಗಿದರೆ ಕೂತುಬಿಡಬೇಕು ಎಂದು ಅಲ್ಲಿ ಕಲಿಸಿದ್ದನ್ನು ಇನ್ನೂ ಬಿಟ್ಟಿಲ್ಲ. ಹಾಗಾಗಿ ಪ್ರತಿ ಕವಿಗೂ ಐದು ನಿಮಿಷ. ಮೇಜಿನ ಮೇಲೆ ಹಿತ್ತಾಳೆಯ ಗಂಟೆ.

ಈ ಕಟ್ಟುನಿಟ್ಟಿಗೆ ಇನ್ನೊಂದು ಕಾರಣವೂ ಇದೆ. ಭಾತಂಬ್ರಾದಲ್ಲಿ ಪ್ರಾಥಮಿಕ ಶಾಲೆಯ ಒಬ್ಬರು ನಿವೃತ್ತ ಮಾಸ್ತರರಿದ್ದಾರೆ. ಜೀವಮಾನದಲ್ಲಿ ಒಂದೇ ಪದ್ಯ ಬರೆದಿದ್ದಾರೆ, ಕಳೆದುಹೋದ ಎಮ್ಮೆಯ ಮೇಲೆ. ಹಿರಿಯರೆಂದು ಅವರನ್ನು ಕೊನೆಗಿಡುತ್ತಿದ್ದೆವು. ಕೊನೆ ಬರುವ ಹೊತ್ತಿಗೆ ಸಭಾಂಗಣದವರು ಬೀಗ ಹಿಡಿದು ನಿಂತಿರುತ್ತಿದ್ದರು. ಪದ್ಯ ಜೇಬಿನಲ್ಲೇ ಊರಿಗೆ ಮರಳುತ್ತಿತ್ತು. "ನಿಮ್ಮ ಎಮ್ಮೆಯನ್ನು ಓದಿಸಿಯೇ ತೀರುತ್ತೇನೆ ಸರ್" ಎಂದು ನಾನು ಮಾತು ಕೊಟ್ಟಿದ್ದೆ.

೧. ಬೀದರಿನ ಮೌನ

ಗಂಟೆ ಇಟ್ಟ ಮೇಲಿನ ಮೊದಲ ಗೋಷ್ಠಿ ಬೀದರಿನಲ್ಲಿ. ಬಾಗಿಲಿಗೆ "ಶಾಂತತೆ ಕಾಪಾಡಿ" ಎಂಬ ಫಲಕ ಹಾಕಿಸಿ, ಯಾರೂ ನಡುವೆ ಬಾಯಿ ಹಾಕಬಾರದೆಂದು ಮೈಕಿನಲ್ಲೂ ಎಚ್ಚರಿಸಿದೆ. ಉರ್ದು ಶಾಯರ್ ಸಾಹೇಬರು ಎದ್ದು ಎರಡು ಸಾಲು ಹೇಳಿ ನಿಂತರು. ಜನ ನನ್ನ ಮಾತಿಗೆ ಬೆಲೆಕೊಟ್ಟು ಪಿಟ್ ಅನ್ನಲಿಲ್ಲ. ಸಾಹೇಬರು ಇನ್ನೆರಡು ಸಾಲು ಹೇಳಿ ಬೆವರು ಒರೆಸಿಕೊಂಡರು. ಆಮೇಲೆ ನನ್ನ ಕಡೆ ಬಾಗಿ ಮೆಲ್ಲಗೆ ಕೇಳಿದರು: "ಸಾಬ್, ಸಭಾದಾಗ ಯಾರರ ತೀರಿಕೊಂಡಾರೇನ್ರಿ?"

ಫಲಕ ತೆಗೆಸಿದೆ. ತೆಗೆಸಿದ್ದೇ ತಡ, ಒಂದೊಂದು ಸಾಲಿಗೂ "ವಾಹ್ ವಾಹ್" ಎದ್ದಿತು. "ಮುಕರ್ರರ್", ಅಂದರೆ ಮತ್ತೊಮ್ಮೆ ಹೇಳಿ ಎಂಬ ಕೂಗು. ಸಾಹೇಬರು ಮತ್ತೊಮ್ಮೆ ಹೇಳಿದರು. ಮಗುದೊಮ್ಮೆ ಹೇಳಿದರು. ನಾನು ಗಂಟೆ ಬಡಿದೆ.

"ನಾ ಒಂದೇ ಸಲ ಹೇಳೀನ್ರಿ ಸಾಬ್. ಮತ್ತ ಹೇಳು ಅಂದವರು ಅವರು. ಆ ಟೈಮ್ ಅವರ ಲೆಕ್ಕಕ್ಕ ಹಚ್ಚರಿ."

ಮಾಸ್ತರರ ಸರದಿ ಬರಲಿಲ್ಲ.

೨. ಭಾಲ್ಕಿಯ ಸಾಥ್

ಎರಡನೆಯದು ಭಾಲ್ಕಿಯಲ್ಲಿ. ಗಡಿಯಾಚೆಯಿಂದ ಒಬ್ಬ ಮರಾಠಿ ಕವಿ ಬಂದಿದ್ದರು. ಭಜನೆ ಮಾಡುವ ಬುವಾ. ಪದ್ಯ ಓದುವುದು ಎಂಬುದೇ ಅವರಿಗೆ ಗೊತ್ತಿಲ್ಲ, ಹಾಡುವುದೊಂದೇ ಗೊತ್ತು. ಐದು ನಿಮಿಷಕ್ಕೆ ಸರಿಯಾಗಿ ಗಂಟೆ ಬಡಿದೆ. ಬುವಾ ಕಣ್ಣುಮುಚ್ಚಿ ತಲೆದೂಗಿದರು. ಕೇಳಿಸಲಿಲ್ಲವೇನೋ ಎಂದು ಎರಡು ಸಲ ಬಡಿದೆ. ಅವರ ಹಾಡು ಆ ಎರಡು ಪೆಟ್ಟಿಗೆ ಹೊಂದಿಕೊಂಡಿತು. ನನಗೆ ಸಿಟ್ಟು ಬಂದು ಬಿಡದೆ ಬಡಿಯತೊಡಗಿದೆ. ಬುವಾ ಕುಣಿಯತೊಡಗಿದರು, ಸಭೆ ಚಪ್ಪಾಳೆ ತಟ್ಟತೊಡಗಿತು. ನನ್ನ ಕೈ ಸೋತ ಮೇಲೆಯೇ ಹಾಡು ನಿಂತದ್ದು.

ಬುವಾ ಬಂದು ನನ್ನ ಎರಡೂ ಕೈ ಹಿಡಿದುಕೊಂಡರು. "ಭಾಳ ಛಲೋ ಸಾಥ್ ಕೊಟ್ರಿ. ನಮ್ಮೂರಾಗ ಭಜನಿ ಸಪ್ತಾಹ ಅದ, ಗಂಟಿ ತಗೊಂಡು ಬಂದುಬಿಡ್ರಿ. ಊಟ, ವಸ್ತಿ ಎಲ್ಲಾ ನಮ್ಮದು."

೩. ಔರಾದಿನ ಹಿಟ್ಟು

ಔರಾದಿನಲ್ಲಿ ನಾನು ಹುಷಾರಾದೆ. ಗಂಟೆಯ ನಿಯಮವನ್ನು ಪ್ರತಿಯೊಬ್ಬರಿಗೂ ಮುಂಚೆಯೇ ವಿವರಿಸಿದೆ. ಎಕಂಬಾದಿಂದ ಬೀಸುವ ಕಲ್ಲಿನ ಪದ ಹಾಡಲು ಬಂದಿದ್ದ ಅಜ್ಜಿ ಎಲ್ಲವನ್ನೂ ಶಾಂತವಾಗಿ ಕೇಳಿಸಿಕೊಂಡು, "ಹಂಗಾದ್ರ ಎಷ್ಟು ಜ್ವಾಳದ ಹಾಡು ಬೇಕ್ರಿ ನಿಮಗ?" ಎಂದಳು.

"ಜೋಳದ್ದಲ್ಲಮ್ಮ, ಐದು ನಿಮಿಷದ್ದು."

"ಐದು ನಿಮಿಷದಾಗ ನುಚ್ಚು ಆಗ್ತದ್ರಿ ಯಪ್ಪಾ, ಹಿಟ್ಟು ಆಗಂಗಿಲ್ಲ."

ನಾನು ಸಭೆಯ ಕಡೆ ನೋಡಿದೆ. ಸಭೆ ಒಂದೇ ದನಿಯಲ್ಲಿ ಹಿಟ್ಟೇ ಬೇಕು ಎಂದಿತು. ಮಾಸ್ತರರು ಕಡೆಯ ಬಸ್ಸಿಗೆ ಹೊತ್ತಾಯಿತೆಂದು ಎದ್ದರು. ಹೋಗುವಾಗ, "ಇರಲಿ ಬಿಡ್ರಿ, ಎಮ್ಮಿ ಎಲ್ಲಿ ಹೋಗ್ತದ" ಎಂದು ನನಗೇ ಸಮಾಧಾನ ಹೇಳಿದರು. ಆ ಮಾತು ನನಗೆ ಬೈಗುಳಕ್ಕಿಂತ ಹೆಚ್ಚು ಚುಚ್ಚಿತು.

೪. ಮಾಸ್ತರರ ಸರದಿ

ಮತ್ತೆ ಬೀದರ್. ಈ ಸಲ ಮಾಸ್ತರರನ್ನೇ ಮೊದಲು ಕರೆದೆ. ಶಾಯರ್ ಸಾಹೇಬರು ನೊಂದುಕೊಂಡರು: "ಬುಜುರ್ಗರಿಗಿ ಮೊದಲು ನಿಲ್ಲಸ್ತೀರಿ? ಮುಶಾಯಿರಾದಾಗ ಹಿರಿಯರು ಕಡೀಕ್ರಿ." ನಾನು ಕೇಳಲಿಲ್ಲ.

ಮಾಸ್ತರರು ಕನ್ನಡಕ ಏರಿಸಿ ಮೊದಲ ಸಾಲು ಓದಿದರು. ಚೆನ್ನಾಗಿತ್ತು. ಸಾಹೇಬರೇ ಮುನಿಸು ಮರೆತು "ಮುಕರ್ರರ್" ಎಂದರು. ಅರ್ಧ ಸಭೆ ದನಿಗೂಡಿಸಿತು. ಮಾಸ್ತರರು ಕನ್ನಡಕ ಇಳಿಸಿ ಎಲ್ಲರನ್ನೂ ಒಮ್ಮೆ ನೋಡಿದರು.

"ಒಮ್ಮಿ ಹೇಳಿದ್ರ ತಲ್ಯಾಗ ಹೋಗಲ್ಲೇನ್ರಿ? ಹಿಂದಿನವ್ರು ಗಪ್ಪ ಕೂಡ್ರಿ. ನಾ ಹೇಳ್ತೇನಿ, ನನ್ನ ಹಿಂದ ಎಲ್ಲಾರೂ ಹೇಳ್ರಿ."

ಸಭೆ ಹೇಳಿತು. ಸಾಹೇಬರು ಕೈಕಟ್ಟಿಕೊಂಡು ಹೇಳಿದರು. ಪದ್ಯದಲ್ಲಿ ಎಮ್ಮೆ ಹುಡುಕುವವನು ಒಂದೂರಲ್ಲಿ ಕನ್ನಡದಲ್ಲಿ ಕೇಳುತ್ತಾನೆ, ಇನ್ನೊಂದರಲ್ಲಿ ಉರ್ದುವಿನಲ್ಲಿ, ಗಡಿ ದಾಟಿ ಮರಾಠಿಯಲ್ಲಿ, ಆಚೆ ಹೋಗಿ ತೆಲುಗಿನಲ್ಲಿ. ಎಲ್ಲರೂ ತಮ್ಮ ತಮ್ಮ ಎಮ್ಮೆಯನ್ನೇ ತೋರಿಸುತ್ತಾರೆ. ಕಡೆಗೆ ಸಂಜೆ ಒಂದು ಹಿತ್ತಲಿನ ಹಿಂದೆ ಪರಿಚಿತ ಕೂಗು ಕೇಳುತ್ತದೆ, ಅವನು ಬೇಲಿ ಸರಿಸಿ ಇಣುಕುತ್ತಾನೆ...

ಐದು ನಿಮಿಷವಾಗಿತ್ತು. ಅಭ್ಯಾಸದಿಂದ ನನ್ನ ಕೈ ಗಂಟೆ ಬಡಿದುಬಿಟ್ಟಿತು.

ಮಾಸ್ತರರು ಅರ್ಧ ಸಾಲಿಗೇ ನಿಲ್ಲಿಸಿ ಹಾಳೆ ಮಡಚಿದರು. ನನ್ನ ಗಂಟೆಯ ಮಾತು ಕೇಳಿದ ಮೊದಲ ಕವಿ ಅವರೇ.

"ಸರ್, ಎಮ್ಮಿ ಸಿಕ್ತೇನ್ರಿ?" ಎಂದು ಹಿಂದಿನ ಸಾಲಿನಿಂದ ಯಾರೋ ಕೇಳಿದರು.

"ಗಂಟಿ ಆಗ್ಯಾದ" ಎಂದರು ಮಾಸ್ತರರು.

ಸಾಹೇಬರು ನನ್ನನ್ನು ದುರುಗುಟ್ಟಿ ನೋಡಿದರು. ನಾನು ಎದ್ದು, "ಮುಂದುವರಿಸಿ ಸರ್, ಗಂಟೆ ತಪ್ಪಿ ಬಡಿಯಿತು" ಎಂದು ಸುಳ್ಳು ಹೇಳಿದೆ.

ಮಾಸ್ತರರು ಕೈಗಡಿಯಾರ ನೋಡಿಕೊಂಡರು. "ತಪ್ಪಿಲ್ಲ, ಬರಾಬರ್ ಅದ. ನೇಮ ಅಂದ್ರ ನೇಮ. ಉಳಿದದ್ದು ನಾಳಿ. ಇವತ್ತಿಂದು ಬಾಯಿಪಾಠ ಮಾಡ್ಕೊಂಡು ಬರ್ರಿ."

ಅಷ್ಟು ಹೇಳಿ ಅವರು ಬಾಗಿಲ ಕಡೆ ನಡೆದರು. ನಾಲ್ಕು ಭಾಷೆಯ ಕವಿಗಳ ಸಮೇತ ಇಡೀ ಸಭೆ ಎದ್ದು ನಿಂತು "ಆಯ್ತ್ರಿ ಸರ್" ಎಂದಿತು. ಎಲ್ಲರಿಗಿಂತ ಗಟ್ಟಿಯಾಗಿ ಹೇಳಿದವನು ನಾನು.