ಮೊದಲು ಬಡ್ಡಿ, ಆಮೇಲೆ ಮೊದಲು

ಉಡುಮಲೈಪೇಟೆ,
18 ಏಪ್ರಿಲ್ 1985

ನಮ್ಮೂರ ಮನೆ ಕಟ್ಟುವ ಸಹಕಾರ ಸಂಘದ ಕಚೇರಿಯಲ್ಲಿ, ಗುಮಾಸ್ತ ರಾಮಲಿಂಗಂ ಅವರ ಮೇಜಿನ ಎಡಮೂಲೆಯಲ್ಲಿ, ಹಸಿರು ಬಟ್ಟೆಯ ಮುಸುಕು ಹೊದ್ದು ವಿರಾಜಮಾನರಾಗಿರುವ, ಕೈಹಿಡಿ ತಿರುಗಿಸುವ ಲೆಕ್ಕದ ಯಂತ್ರದವರ ಸನ್ನಿಧಾನಕ್ಕೆ,

ಮಾನ್ಯರೇ,

ಸದಸ್ಯ ಸಂಖ್ಯೆ ಇನ್ನೂರ ಹದಿನಾಲ್ಕು, ನೇಕಾರ ವೆಲ್ಲಿಂಗಿರಿ ಮಾಡುವ ನಮಸ್ಕಾರಗಳು. ತಮ್ಮ ಹಲ್ಲುಗಾಲಿಗಳು ಸುಖವಾಗಿವೆ, ತಮ್ಮ ಹಿಡಿಗೆ ಕಾಲಕಾಲಕ್ಕೆ ಎಣ್ಣೆ ಬೀಳುತ್ತಿದೆ, ಬೇಸಿಗೆಯ ಧೂಳು ತಮ್ಮ ಅಂಕಿಗಳ ಕಿಟಕಿಯನ್ನು ಮಸುಕು ಮಾಡಿಲ್ಲ ಎಂದು ನಂಬಿದ್ದೇನೆ. ನಾವೂ ಇಲ್ಲಿ ತಮ್ಮ ದಯೆಯಿಂದ, ತಾವು ಕಳೆದು ಉಳಿಸಿದಷ್ಟರಲ್ಲಿ, ಕ್ಷೇಮವಾಗಿದ್ದೇವೆ.

ಮನುಷ್ಯರನ್ನೆಲ್ಲ ಬಿಟ್ಟು ನೇರವಾಗಿ ತಮಗೇ ಬರೆಯುತ್ತಿರುವುದು ಉದ್ಧಟತನವೆಂದು ತಾವು ತಿಳಿಯಬಾರದು. ನನ್ನ ಅಹವಾಲನ್ನು ಮೊದಲು ರಾಮಲಿಂಗಂ ಅವರಿಗೆ ಹೇಳಿಕೊಂಡೆ. ಅವರು ತಮ್ಮ ಕಡೆ ಬೆರಳು ತೋರಿಸಿ, ಯಂತ್ರ ಹೇಳಿದ್ದನ್ನು ಬರೆಯುವುದಷ್ಟೇ ನನ್ನ ಕೆಲಸ ಎಂದರು. ಕಾರ್ಯದರ್ಶಿ ನಟರಾಜನ್ ಅವರ ಕೋಣೆಗೆ ಹೋದೆ. ಅವರು ಕನ್ನಡಕ ಒರೆಸುತ್ತ, ಯಂತ್ರದ ಮುಂದೆ ಬಡವ ಬಲ್ಲಿದ ಎಲ್ಲರೂ ಒಂದೇ ಎಂದು ನನಗೆ ಸಮಾಜವಾದವನ್ನು ಬೋಧಿಸಿ ಕಳಿಸಿದರು. ಇಷ್ಟು ಜನ ಇಷ್ಟು ಭಕ್ತಿಯಿಂದ ಬೊಟ್ಟು ಮಾಡಿ ತೋರಿಸುವ ಅಧಿಕಾರಿ ಈ ತಾಲ್ಲೂಕಿನಲ್ಲಿ ಬೇರೊಬ್ಬರಿಲ್ಲವಾದ್ದರಿಂದ ತಮ್ಮ ಪಾದಕ್ಕೇ ಬಂದಿದ್ದೇನೆ. ತಮಗೆ ಪಾದಗಳೂ ಇವೆ, ರಬ್ಬರಿನವು, ನಾಲ್ಕು, ನಾನು ನೋಡಿದ್ದೇನೆ.

ಕನ್ನಡದಲ್ಲಿ ಏಕೆ ಬರೆದೆ ಎಂದರೆ, ಇದು ನಮ್ಮ ಮನೆಯ ಒಳಗಿನ ಮಾತು. ಹೊಸ್ತಿಲು ದಾಟಿದರೆ ನಾವೆಲ್ಲ ತಮಿಳು. ಪ್ರಾಯದಲ್ಲಿ ಕೊಳ್ಳೇಗಾಲದ ರೇಷ್ಮೆ ಮಗ್ಗಗಳಲ್ಲಿ ಮೂರು ವರ್ಷ ದುಡಿದಾಗ ಈ ಅಕ್ಷರ ಕಲಿತೆ. ನಮ್ಮ ಬೀದಿಯಲ್ಲಿ ಇದನ್ನು ಓದಬಲ್ಲವರು ಇಬ್ಬರು, ಅದರಲ್ಲಿ ಒಬ್ಬರಿಗೆ ಕಣ್ಣು ಕಾಣುವುದಿಲ್ಲ. ಆದ್ದರಿಂದ ಈ ಬಹಿರಂಗ ಪತ್ರವನ್ನು ಸಂಘದ ಬಾಗಿಲಿಗೇ ಅಂಟಿಸಿದರೂ ನಮ್ಮ ನಿಮ್ಮ ಗುಟ್ಟು ಗುಟ್ಟಾಗಿಯೇ ಉಳಿಯುತ್ತದೆ. ತಮಗಂತೂ ತಮಿಳು, ಕನ್ನಡ ಎರಡೂ ಬರುವುದಿಲ್ಲ. ಅವೆರಡೂ ಬರುವ ನಮಗೇ ಈ ಸಂಕಟ ಹುಟ್ಟಿತು ಎಂಬುದನ್ನು ಮುಂದೆ ವಿವರಿಸುತ್ತೇನೆ.

ಸಾವಿರದ ಒಂಬೈನೂರ ಎಂಬತ್ತರ ಫೆಬ್ರವರಿಯಲ್ಲಿ, ಎರಡು ಕೋಣೆ, ಎರಡು ಮಗ್ಗಕ್ಕೆ ಎರಡು ಗುಂಡಿ, ಹಿಂದೆ ಒಂದು ಅಡುಗೆಮನೆ ಎಂದು ಕಟ್ಟಿಕೊಳ್ಳಲು ನಾನು ಸಂಘದಿಂದ ಇಪ್ಪತ್ತು ಸಾವಿರ ರೂಪಾಯಿ ಸಾಲ ಪಡೆದೆ. ನೂರಕ್ಕೆ ಹನ್ನೆರಡು ಬಡ್ಡಿ, ಇಪ್ಪತ್ತು ವರ್ಷ, ತಿಂಗಳಿಗೆ ಇನ್ನೂರ ಇಪ್ಪತ್ತು ರೂಪಾಯಿ ಇಪ್ಪತ್ತೆರಡು ಪೈಸೆ ಕಂತು. ಮನೆಯ ಪತ್ರವನ್ನು ಸಂಘದ ಕಬ್ಬಿಣದ ಬೀರುವಿನಲ್ಲಿಟ್ಟು ನಾವು ಮದುಕ್ಕರೈ ಸಿಮೆಂಟು ತರಲು ಹೋದೆವು. ಹೋಗುವ ಮುಂಚೆ, ಕಟ್ಟುವ ಹಣ ಯಾವುದಕ್ಕೆ ಸಲ್ಲುತ್ತದೆ ಎಂದು ಕೇಳಿದ್ದಕ್ಕೆ ರಾಮಲಿಂಗಂ ಅವರು, "ಮೊದಲ್ಲೆ ವಟ್ಟಿ, ಅಪ್ಪುರಂದಾನ್ ಮೊದಲ್" ಎಂದು ಸ್ಪಷ್ಟವಾಗಿಯೇ ಹೇಳಿದರು. ಮೊದಲಿಗೆ ಬಡ್ಡಿ, ಆಮೇಲೆ ಅಸಲು ಎಂದು ಅದರ ಅರ್ಥ. ತಮಿಳಿನ ಬಾಯಿಮಾತಿನಲ್ಲಿ ಸಾಲದ ಅಸಲಿಗೂ ಮೊದಲ್, ಎಲ್ಲಕ್ಕಿಂತ ಮುಂಚೆ ಬರುವುದಕ್ಕೂ ಮೊದಲ್. ನಮ್ಮ ಮನೆಯ ಕನ್ನಡದಲ್ಲೂ ಎರಡಕ್ಕೂ ಮೊದಲೇ. ಹಾಗಾಗಿ ಮನೆಗೆ ಬಂದು ನನ್ನ ಹೆಂಡತಿ ನಾಚಿಯಮ್ಮನಿಗೆ, ಮೊದಲು ಬಡ್ಡಿಯಂತೆ, ಆಮೇಲೆ ಮೊದಲಂತೆ ಎಂದು ವರದಿ ಒಪ್ಪಿಸಿದೆ. ಅವಳು ನೂಲು ಸುತ್ತುತ್ತಿದ್ದವಳು ಕೈ ನಿಲ್ಲಿಸಿ, "ಎರಡೂ ಮೊದಲಾದ್ರೆ ಕಡೇದು ಯಾವ್ದುಂಗ?" ಎಂದು ಕೇಳಿದಳು.

ಅವಳ ಆ ಪ್ರಶ್ನೆಗೆ ಅಂದೇ ಉತ್ತರ ಹುಡುಕಿದ್ದರೆ ತಮಗೆ ಈ ತೊಂದರೆ ಕೊಡುತ್ತಿರಲಿಲ್ಲ. ನಾವು ಮಾಡಿದ ತಪ್ಪು ಲೆಕ್ಕ ಹೀಗಿತ್ತು: ನೂರಕ್ಕೆ ಹನ್ನೆರಡು ಎಂದರೆ ಇಪ್ಪತ್ತು ಸಾವಿರಕ್ಕೆ ಎರಡು ಸಾವಿರದ ನಾನೂರು, ಮದುವೆ ಮನೆಯಲ್ಲಿ ಬೀಗರ ಪಂಕ್ತಿಯಂತೆ ಬಡ್ಡಿಯವರು ಮೊದಲು ಕೂತು ಉಂಡು ಕೈ ತೊಳೆದುಕೊಂಡು ಹೋಗುತ್ತಾರೆ, ಆಮೇಲೆ ನಾವು ಕಟ್ಟಿದ್ದೆಲ್ಲ ಮನೆಗೇ. ತಾವು ಎಂಥ ಬೀಗರು ಎಂಬುದು ನಮಗೆ ಗೊತ್ತಿರಲಿಲ್ಲ. ಐದು ವರ್ಷ, ಅರವತ್ತು ಕಂತು, ಒಂದು ದಿನ ತಡ ಮಾಡದೆ ಹದಿಮೂರು ಸಾವಿರದ ಇನ್ನೂರ ಹದಿಮೂರು ರೂಪಾಯಿ ಕಟ್ಟಿ, ಇನ್ನು ಒಂಬತ್ತು ಸಾವಿರ ಚಿಲ್ಲರೆ ಉಳಿದಿರಬೇಕೆಂದು ಈ ಫೆಬ್ರವರಿಯಲ್ಲಿ ಹಿಗ್ಗಿನಿಂದ ವಿಚಾರಿಸಲು ಬಂದೆವು. ರಾಮಲಿಂಗಂ ಅವರು ತಮ್ಮ ಮುಸುಕು ತೆಗೆದರು, ಹಿಡಿ ತಿರುಗಿಸಿದರು, ತಾವು ಟಿಣ್ ಎಂದಿರಿ. ಬಾಕಿ ಹದಿನೆಂಟು ಸಾವಿರದ ಮುನ್ನೂರ ನಲವತ್ತೆಂಟು ರೂಪಾಯಿ ಅರವತ್ತನಾಲ್ಕು ಪೈಸೆ.

ತಮ್ಮ ಆ ಅರವತ್ತನಾಲ್ಕು ಪೈಸೆಯ ಪ್ರಾಮಾಣಿಕತೆಗೆ ನಾನು ಇಂದಿಗೂ ತಲೆದೂಗುತ್ತೇನೆ. ಕಾಲೇಜಿನಲ್ಲಿ ಗಣಿತ ಓದುತ್ತಿರುವ ನಮ್ಮ ಮಗಳು ರುಕ್ಮಣಿ, ಕ್ಯಾಲೆಂಡರಿನ ಹಿಂಬದಿಯಲ್ಲಿ ಇಡೀ ಲೆಕ್ಕವನ್ನು ಬಿಡಿಸಿ ತೋರಿಸಿದ ಮೇಲಂತೂ ತಮ್ಮ ಮೇಲಿನ ಗೌರವ ಇಮ್ಮಡಿಯಾಯಿತು. ಮೊದಲ ಕಂತಿನಲ್ಲಿ ಇನ್ನೂರು ರೂಪಾಯಿ ಬಡ್ಡಿಗೆ, ಇಪ್ಪತ್ತು ರೂಪಾಯಿ ಇಪ್ಪತ್ತೆರಡು ಪೈಸೆ ಮನೆಗೆ. ತಿಂಗಳು ತಿಂಗಳೂ ಬಡ್ಡಿ ಇಲಿ ಕೂದಲಿನಷ್ಟು ಇಳಿಯುತ್ತದೆ, ಆದರೆ ಅದನ್ನು ನೋಡಲು ಇಪ್ಪತ್ತು ವರ್ಷ ಕಣ್ಣು ಚೆನ್ನಾಗಿರಬೇಕು. ಕೊನೆಗೆ, ಇಸವಿ ಎರಡು ಸಾವಿರದ ಫೆಬ್ರವರಿಯಲ್ಲಿ, ಇಪ್ಪತ್ತು ಸಾವಿರದ ಮನೆಗೆ ನಾವು ಕೊಟ್ಟಿರುವ ಒಟ್ಟು ಮೊತ್ತ ಐವತ್ತೆರಡು ಸಾವಿರದ ಎಂಟುನೂರ ಐವತ್ತೆರಡು ರೂಪಾಯಿ ಎಂಬತ್ತು ಪೈಸೆ. ಸಾಲ ಪಡೆದ ದಿನ ಹದಿನೇಳು ಕಡೆ ಸಹಿ ಹಾಕಿಸಿಕೊಂಡ ಕಾಗದಗಳಲ್ಲಿ ಈ ಒಂದು ಅಂಕಿಗೆ ಮಾತ್ರ ಜಾಗ ಸಾಲದೆ ಹೋದದ್ದು ನಮ್ಮ ದುರದೃಷ್ಟ.

ನಾಚಿಯಮ್ಮನಿಗೆ ಓದು ಬರಹ ಬಾರದು, ಅಂಕಿ ಮಾತ್ರ ಬರುತ್ತದೆ. ಅವಳು ಈ ಲೆಕ್ಕವನ್ನು ಸೀರೆಗೆ ಇಳಿಸಿಕೊಂಡಳು. ಒಂದು ಸೀರೆಗೆ ನಮಗೆ ಸಿಗುವ ಕೂಲಿ ಇಪ್ಪತ್ತೆರಡು ರೂಪಾಯಿ. ಒಂದು ಕಂತಿಗೆ ಹತ್ತು ಸೀರೆ. "ಹತ್ತು ನೆಯ್ದ್ರೆ ಒಂಬತ್ತ ಆ ಮೆಷಿನ್ನೇ ಉಟ್ಕೊಳ್ತದೆ, ಮನೇಗೆ ಒಂದು. ಅದ್ಕೆ ಮೈ ಎಷ್ಟು ದೊಡ್ಡದುಂತ ಕೇಳ್ಕೊಂಡ್ ಬಾರುಂಗ" ಎಂದಳು. ಆಕೆಯ ಪರವಾಗಿ ವಿನಯದಿಂದ ಕೇಳುತ್ತಿದ್ದೇನೆ. ಐದು ವರ್ಷದಲ್ಲಿ ತಾವು ಉಟ್ಟದ್ದು ಐನೂರ ಇಪ್ಪತ್ತೈದು ಸೀರೆ, ಮೇಲೆ ಅರ್ಧ ಸೀರೆ. ಒಂದನ್ನಾದರೂ ಹಬ್ಬದ ದಿನ ಆ ಹಸಿರು ಮುಸುಕಿನ ಬದಲು ಹೊದ್ದು ನಮಗೆ ದರ್ಶನ ಕೊಡಬೇಕಾಗಿ ಪ್ರಾರ್ಥನೆ.

ಇನ್ನು ಮುಖ್ಯ ವಿಷಯ. ಕುನ್ನತ್ತೂರಿನಲ್ಲಿದ್ದ ನಾಚಿಯಮ್ಮನ ತಾಯಿ ಸಾಯುವ ಮುಂಚೆ ತನ್ನ ಕತ್ತಿನ ಆರು ಪವನಿನ ಚಿನ್ನದ ಸರವನ್ನು ಮಗಳ ಕೈಗೆ ಹಾಕಿದ್ದರು. ನಾಚಿಯಮ್ಮ ಅದನ್ನು ವರ್ಷಕ್ಕೆರಡು ಸಲ ಧರಿಸಿ ಮಡಿಸಿಡುತ್ತಿದ್ದಳು. ಮಾರ್ಚಿ ಮೊದಲ ವಾರದಲ್ಲಿ, ನಾನು ಬೇಡವೆಂದರೂ ಕೇಳದೆ, ಅದನ್ನು ಮಾರಿ ಒಂಬತ್ತು ಸಾವಿರದ ಮುನ್ನೂರು ರೂಪಾಯಿ ತಂದಳು. ಅಷ್ಟು ಹಣ ಅಸಲಿಗೆ ಸಂದರೆ, ಅದೇ ಕಂತು ಕಟ್ಟುತ್ತ ಹೋದರೆ, ಉಳಿದ ನೂರ ಎಂಬತ್ತು ಕಂತು ಐವತ್ನಾಲ್ಕಕ್ಕೆ ಇಳಿಯುತ್ತದೆ, ಐವತ್ನಾಲ್ಕನೆಯದು ನಲವತ್ತು ರೂಪಾಯಿಯೂ ಆಗುವುದಿಲ್ಲ ಎಂದು ರುಕ್ಮಣಿ ಲೆಕ್ಕ ಹಾಕಿಕೊಟ್ಟಿದ್ದಳು. ನಾಚಿಯಮ್ಮ ತಾನೇ ಕಿಟಕಿಯ ಮುಂದೆ ನಿಂತು, ನೋಟುಗಳನ್ನು ಒಳಗೆ ತಳ್ಳಿ, "ಇದೆ ಮೊದಲ್ಲೆ ಪೋಟ್ಟುಕ್ಕೊಂಗಣ್ಣಾ" ಎಂದು ಒಳ್ಳೆಯ ತಮಿಳಿನಲ್ಲಿ ಹೇಳಿದಳು. ಇದನ್ನು ಅಸಲಿನಲ್ಲಿ ಹಾಕಿಕೊಳ್ಳಿ ಎಂದು ಅವಳು ಹೇಳಿದ್ದು. ಮುಂಚಿತವಾಗಿ ಹಾಕಿಕೊಳ್ಳಿ ಎಂದು ರಾಮಲಿಂಗಂ ಅವರಿಗೆ ಕೇಳಿಸಿದ್ದು. ತಮಿಳಿನಲ್ಲಿ ಎರಡೂ ಒಂದೇ ಸದ್ದು. ರಾಮಲಿಂಗಂ ಅವರು ಒಳ್ಳೆಯ ಮನುಷ್ಯರು, ಅವರ ಮೇಲೆ ನನಗೆ ಕೋಪವಿಲ್ಲ.

ಆ ತಿಂಗಳು ಹತ್ತನೇ ತಾರೀಖು ಎಂದಿನಂತೆ ಕಂತು ಕಟ್ಟಲು ಹೋದಾಗ ಅವರು ನಗುನಗುತ್ತ, ಇನ್ನು ನಲವತ್ತೆರಡು ತಿಂಗಳು ಬರಬೇಕಾಗಿಲ್ಲ, "ನಿಮ್ಮದಿಯಾ ಪೋಯಿ ತೂಂಗುಂಗ" ಎಂದರು. ನೆಮ್ಮದಿಯಾಗಿ ಹೋಗಿ ಮಲಗಿ ಎಂದು. ಸರದ ಹಣವೆಲ್ಲ ನಲವತ್ತೆರಡು ಮುಂಗಡ ಕಂತಾಗಿತ್ತು. ಮಿಕ್ಕ ಐವತ್ತು ರೂಪಾಯಿ ಎಪ್ಪತ್ತಾರು ಪೈಸೆ ಯಾವ ಲೆಕ್ಕಕ್ಕೂ ಸೇರದೆ ಸಸ್ಪೆನ್ಸ್ ಖಾತೆಯಲ್ಲಿ ಕೂತು ಕಥೆಯ ಕೊನೆಗಾಗಿ ಕಾಯುತ್ತಿತ್ತು. ಅಸಲಿನಿಂದ ಒಂದು ಪೈಸೆಯೂ ಕಳೆದಿರಲಿಲ್ಲ, ಸಾಲ ಮೊದಲಿನಂತೆ ಎರಡು ಸಾವಿರದ ಇಸವಿಯವರೆಗೆ ನಡೆದೇ ನಡೆಯುತ್ತದೆ. ಒಂದು ಪದದ ಎರಡು ಅರ್ಥಗಳ ನಡುವಿನ ಅಂತರ ಹದಿನೆಂಟು ಸಾವಿರದ ಆರುನೂರು ರೂಪಾಯಿಗೂ ಮೇಲೆ ಎಂದು ರುಕ್ಮಣಿ ಹೇಳಿದಳು. ನಾಚಿಯಮ್ಮ ಎರಡು ದಿನ ಮಗ್ಗಕ್ಕೆ ಇಳಿಯಲಿಲ್ಲ. ಅಮ್ಮನ ಸರ ಹೋಗಿ ಮನೆಯೂ ಬಾರದೆ ಇದ್ದದ್ದು ಅವಳಿಗೆ ಬಹಳ ನೋವಾಯಿತು, ನನಗೂ ಆಯಿತು. ಇದನ್ನು ವ್ಯಂಗ್ಯವಾಗಿ ಹೇಳಲು ನನಗೆ ಬರುವುದಿಲ್ಲ, ಕ್ಷಮಿಸಬೇಕು.

ತಿದ್ದಿಕೊಡಿ ಎಂದು ಕೇಳಿದೆವು. ಯಂತ್ರಕ್ಕೆ ಏರಿದ್ದನ್ನು ಇಳಿಸಲಾಗದು ಎಂದರು ನಟರಾಜನ್ ಅವರು. ಸಂಘದಲ್ಲಿ ತಡವಾಗಿ ಕಟ್ಟಲು ಅರ್ಜಿಯ ನಮೂನೆ ಇದೆ, ಕಡಿಮೆ ಕಟ್ಟಲು ಇದೆ, ಕಟ್ಟದೆಯೇ ಇರಲು ಕಾರಣ ತಿಳಿಸುವುದಕ್ಕೂ ಇದೆ. ಅಸಲಿಗೆ ಹೆಚ್ಚು ಕಟ್ಟುತ್ತೇನೆ ಎನ್ನುವವನಿಗೆ ಮಾತ್ರ ನಮೂನೆ ಇಲ್ಲ. ಅಂಥ ದುರ್ಬುದ್ಧಿ ಒಬ್ಬ ಸದಸ್ಯನಿಗೆ ಬಂದೀತೆಂದು ನಮೂನೆ ಅಚ್ಚು ಹಾಕಿಸಿದ ಹಿರಿಯರು ಯೋಚಿಸಿಯೇ ಇರಲಿಲ್ಲ.

ಮಾರ್ಚಿ ಕೊನೆಯ ವಾರ ನಾಚಿಯಮ್ಮ ಮತ್ತೆ ಹೋಗಿ ತಮ್ಮ ಎದುರಿನ ಬೆಂಚಿನಲ್ಲಿ ಕೂತಳು. ಬೇರೆ ಯಾರದೋ ಲೆಕ್ಕ ಮಾಡುತ್ತಿದ್ದ ರಾಮಲಿಂಗಂ ಅವರು ಎಲ್ಲೋ ತಪ್ಪಿ, ನಾಲಿಗೆ ಕಚ್ಚಿಕೊಂಡು, ತಮ್ಮ ಹಿಡಿಯನ್ನು ಒಂದು ಸುತ್ತು ಹಿಂದಕ್ಕೆ ತಿರುಗಿಸಿದರು. ತಪ್ಪು ಹೋಯಿತು. ಮಗ್ಗದಲ್ಲಿ ಒಂದು ಎಳೆ ತಪ್ಪಿದರೆ ನಾವೂ ಹಾಗೆಯೇ, ಕಾಲುಹಲಗೆ ಮೆಟ್ಟಿದ್ದನ್ನು ಹಿಂದುಮುಂದಾಗಿ ಮೆಟ್ಟಿ ಎಳೆಯನ್ನು ಬಿಚ್ಚಿ ತೆಗೆಯುತ್ತೇವೆ. ಅದು ಅವಳಿಗೆ ಹೊಸದಲ್ಲ. ಅವಳು ಎದ್ದು ನಿಂತು, "ಏನುಂಗಣ್ಣಾ, ಅದು ಪಿನ್ನಾಡಿಯುಂ ತಿರುಂಬುದೇ!" ಎಂದಳು, ಹಿಂದಕ್ಕೂ ತಿರುಗುತ್ತದಲ್ಲ ಎಂದು. ರಾಮಲಿಂಗಂ ಅವರಿಗೆ ಇಲ್ಲ ಎನ್ನಲಾಗಲಿಲ್ಲ. ನಮ್ಮ ಬಾಕಿಯನ್ನು ಏರಿಸಿ, ಒಂಬತ್ತು ಸಾವಿರದ ಮುನ್ನೂರನ್ನು ಇಟ್ಟು, ಒಂದೇ ಒಂದು ಸುತ್ತು ಹಿಂದಕ್ಕೆ ತಿರುಗಿಸಿದರು. ತಮ್ಮ ಕಿಟಕಿಯಲ್ಲಿ ಒಂಬತ್ತು ಸಾವಿರದ ನಲವತ್ತೆಂಟು ರೂಪಾಯಿ ಅರವತ್ತನಾಲ್ಕು ಪೈಸೆ ಬಂದು ನಿಂತಿತು.

ಅಷ್ಟರಲ್ಲಿ ನಟರಾಜನ್ ಅವರು ಹೊರಗೆ ಬಂದು, ಅಂಕಿ ನೋಡಿ, ತಮ್ಮನ್ನು ಸೊನ್ನೆಗೆ ತಿರುಗಿಸಿ, "ಮೆಷಿನ್ ಎನ್ನ ವೇಣುಮ್ನಾಲುಂ ಕಾಟ್ಟುಂ" ಎಂದುಬಿಟ್ಟರು. ಯಂತ್ರ ಏನು ಬೇಕಾದರೂ ತೋರಿಸುತ್ತದೆ! ಮಾನ್ಯರೇ, ಐದು ವರ್ಷ ತಾವು ನಮ್ಮಿಂದ ಕಳೆದಾಗಲೆಲ್ಲ ಹರಿಶ್ಚಂದ್ರರಾಗಿದ್ದಿರಿ. ನಮಗಾಗಿ ಒಂದು ಸಲ ಕಳೆದ ಕೂಡಲೇ ಸುಳ್ಳುಗಾರರಾದಿರಿ. ಇಲ್ಲಿಂದ ಮುಂದೆ ನನ್ನ ದೂರು ತಮ್ಮ ಮೇಲಲ್ಲ, ತಮ್ಮ ಪರವಾಗಿ. ಆ ಅಂಕಿ ತಾವೇ ಹೇಳಿದ್ದು ಎಂದು ಮುಂದಿನ ಮಹಾಸಭೆಯಲ್ಲಿ ಎಲ್ಲರ ಎದುರು ಟಿಣ್ ಎಂದು ಸಾಕ್ಷಿ ನುಡಿಯಬೇಕೆಂದೂ, ಸಾಲ ಕೇಳಿ ಬರುವ ಪ್ರತಿಯೊಬ್ಬರಿಗೂ, ಅವರು ಕೇಳದಿದ್ದರೂ, ಇಪ್ಪತ್ತು ವರ್ಷದ ಒಟ್ಟು ಮೊತ್ತವನ್ನು ಸಹಿಗೆ ಮುಂಚೆಯೇ ಕಿಟಕಿಯಲ್ಲಿ ತೋರಿಸಿ, ಅವರು ಓದಿ ಮುಗಿಸುವವರೆಗೆ ಯಾರು ತಿರುಗಿಸಿದರೂ ತಿರುಗಬಾರದೆಂದೂ ಬೇಡಿಕೊಳ್ಳುತ್ತೇನೆ.

ನಾಚಿಯಮ್ಮನಂತೂ ನಲವತ್ತೆರಡು ತಿಂಗಳು ಮಲಗಲು ಒಪ್ಪಿಲ್ಲ. ಕಿಟಕಿಯಲ್ಲಿ ಹಣ ತೆಗೆದುಕೊಳ್ಳದ ಕಾರಣ ಅಂಚೆಯಲ್ಲಿ ಮನಿಯಾರ್ಡರು ಕಳಿಸುತ್ತಾಳೆ. ಮೊದಲು ಎಂಬ ಪದವನ್ನು ನಮ್ಮ ಮನೆಯಿಂದಲೇ ಓಡಿಸಿದ್ದಾಳೆ. ಹೆಬ್ಬೆಟ್ಟು ಒತ್ತುತ್ತಿದ್ದವಳು ರುಕ್ಮಣಿಯ ಹತ್ತಿರ ಕೂತು, ಎರಡು ವಾರ ಸ್ಲೇಟು ಸವೆಸಿ, ತಮಿಳಿನಲ್ಲಿ ಮೂರೇ ಅಕ್ಷರ ಕಲಿತಿದ್ದಾಳೆ: ಅಸಲ್. ಫಾರಮಿನ ತುಂಡಿನಲ್ಲಿ ಸುದ್ದಿ ಬರೆಯಲು ಬಿಟ್ಟ ಜಾಗದಲ್ಲಿ ತನ್ನ ಕೈಯಾರೆ ಅಷ್ಟನ್ನೇ ಬರೆಯುತ್ತಾಳೆ. ಬಂದ ಹಣವನ್ನು ಹಿಂದಿರುಗಿಸುವ ಅಭ್ಯಾಸ ಸಂಘಕ್ಕೆ ಇಲ್ಲದಿರುವುದರಿಂದ ಮಾರ್ಚಿ, ಏಪ್ರಿಲ್ ಎರಡು ತಿಂಗಳ ಕಂತನ್ನೂ ನಟರಾಜನ್ ಅವರು ಸಹಿ ಮಾಡಿ ತೆಗೆದುಕೊಂಡಿದ್ದಾರೆ. ಅವಳ ಅಸಲ್ ಅವರ ಕಡತದಲ್ಲಿದೆ, ಅವರ ಸಹಿ ನಮ್ಮ ಪೆಟ್ಟಿಗೆಯಲ್ಲಿದೆ. ಇನ್ನು ಐವತ್ತೆರಡು ಬಾಕಿ. ಎಂಬತ್ತೊಂಬತ್ತರ ಆಗಸ್ಟಿನಲ್ಲಿ ಮನೆಯ ಪತ್ರಕ್ಕೆ ಅವಳು ಖುದ್ದಾಗಿ ಬರುತ್ತಾಳೆ, ಬೀರುವಿನ ಕೀಲಿಕೈ ಹುಡುಕಿಡಲು ತಾವು ಅವರಿಗೆ ಈಗಿನಿಂದಲೇ ಹೇಳಬೇಕು.

ಯಾವುದು ಮೊದಲು ಎಂಬ ಚಿಂತೆ ಬಿಟ್ಟು ಅಸಲಿನಲ್ಲಿ ಮಾತ್ರ ವಿಶ್ವಾಸ ಉಳಿಸಿಕೊಂಡಿರುವ

ತಮ್ಮ ವಿಶ್ವಾಸಿ,
ವೆಲ್ಲಿಂಗಿರಿ

ತಾ.ಕ.: ನಾಚಿಯಮ್ಮನ ಸರ ಕೊಂಡ ಚಿನ್ನದಂಗಡಿಯವನನ್ನು ಪೇಟೆಯಲ್ಲೆಲ್ಲ ಕಳ್ಳ ಎಂದೇ ಕರೆಯುತ್ತಾರೆ. ಬೆಸುಗೆಗೆ ಇಷ್ಟು, ಸವಕಲಿಗೆ ಇಷ್ಟು ಕಳೆಯುತ್ತೇನೆ, ಒಪ್ಪಿಗೆಯಿದ್ದರೆ ಸರ ಬಿಚ್ಚಿ, ಇಲ್ಲವಾದರೆ ನೀರು ಕುಡಿದು ಹೋಗಿ ಎಂದು ಅವನು ತಕ್ಕಡಿ ಮುಟ್ಟುವ ಮುಂಚೆಯೇ ಹೇಳಿದ. ಸಂಘದ ಆಡಳಿತ ಮಂಡಳಿಯವರಿಗೆ ಬೇಕಿದ್ದರೆ ಆ ಕಳ್ಳನ ವಿಳಾಸ ಕಳಿಸಿಕೊಡುತ್ತೇನೆ, ಒಂದು ವಾರ ಅವನ ಹತ್ತಿರ ತರಬೇತಿ ಪಡೆದು ಬರಲಿ.