ಕಾಂತಕ್ಷೇತ್ರದಲ್ಲಿ ರಾಗಿ ಬಿತ್ತನೆ

ಗಂಡ-ಹೆಂಡಿರ ಜಗಳಕ್ಕೆ ಇಂಥದ್ದೇ ಕಾರಣ ಬೇಕು ಅಂತೇನಿಲ್ಲ ಸ್ವಾಮಿ. ಸಾರಿಗೆ ಉಪ್ಪು ಜಾಸ್ತಿಯಾದರೂ ಸಾಕು, ಕಮ್ಮಿಯಾದರೂ ಸಾಕು. ಆದರೆ ಅಯಸ್ಕಾಂತದ ದೆಸೆಯಿಂದ ಹೆಂಡತಿ ತವರು ಸೇರಿದ್ದು ನಾನು ಕಂಡಂತೆ ನಮ್ಮ ವಸಂತನ ಮನೆಯಲ್ಲಿ ಮಾತ್ರ.

ವಸಂತ ಕೆ.ಆರ್. ಪುರದ ಕಡೆ ಒಂದು ಸರ್ಕಾರಿ ಕಾರ್ಖಾನೆಯಲ್ಲಿ ಸೂಪರ್‌ವೈಸರು. ಅವನ ಭಾಮೈದ ಸೀನ ಅಲ್ಲೇ ಕನ್ನಡ ಸಂಘದ ಕಾರ್ಯದರ್ಶಿ. ನಿವೃತ್ತ ಮ್ಯಾನೇಜರೊಬ್ಬರು ಬರೆದಿದ್ದ ವಿದ್ಯುತ್ಕಾಂತ ಶಾಸ್ತ್ರದ ಪಠ್ಯಪುಸ್ತಕ ಎರಡನೇ ಸಲ ಅಚ್ಚಾಗಿತ್ತು. ರಾಜ್ಯೋತ್ಸವದ ಸಂಚಿಕೆಯಲ್ಲಿ ಅದರ ಪರಿಚಯ ಬರದಿದ್ದರೆ ಅವರಿಗೆ ಕೋಪ.

"ಹೋದ್ಸಲ ಬಂದಿದ್ದನ್ನೇ ಒಂಚೂರು ಪದ ಬದಲಾಯಿಸಿ ಬರ್ಕೊಡಿ ಭಾವ. ಪುಸ್ತಕ ಓದೋ ಕಷ್ಟ ಯಾಕೆ?" ಅಂದ ಸೀನ.

ವಸಂತ ನಿಘಂಟು ತೆರೆದು ಕೂತ. "ತಂತಿಯ ಸುರುಳಿಯಲ್ಲಿ ವಿದ್ಯುತ್ ಪ್ರವಾಹ ಹರಿದಾಗ ಸುತ್ತಲೂ ಕಾಂತಕ್ಷೇತ್ರ ಉಂಟಾಗುತ್ತದೆ" ಅಂತ ಹಳೆಯದರಲ್ಲಿತ್ತು. ಇವನ ಲೇಖನಿಯಿಂದ ಇಳಿದದ್ದು ಹೀಗೆ: "ತಂತಿಯ ಸಿಂಬೆಯಲ್ಲಿ ವಿದ್ಯುತ್ ನೆರೆ ಬಂದಾಗ ಆಸುಪಾಸಿನಲ್ಲಿ ಅಯಸ್ಕಾಂತದ ಹೊಲ ಏಳುತ್ತದೆ." ಎದೆಯುಬ್ಬಿಸಿ ಗಟ್ಟಿಯಾಗಿ ಓದಿದ. (ಅಲ್ಲೇ ಎಡವಿದ್ದು.)

ಹೆಂಡತಿ ಯಮುನಾ ಅವರೆಕಾಯಿ ಸುಲಿಯುತ್ತಿದ್ದವಳು ಕೈ ನಿಲ್ಲಿಸಿದಳು. "ಅಲ್ಲಾ ರೀ, ನೆರೆ ಬಂತು, ಹೊಲಾನೂ ಎದ್ದಿತು. ರಾಗಿ ಬಿತ್ತೋದ್ಯಾವಾಗ?"

ಸೆರಗಿನಲ್ಲಿ ಕಣ್ಣೊರೆಸಿಕೊಂಡು ನಕ್ಕಳು. ಪಕ್ಕದ ಮನೆಯ ಭೀಮಬಾಯಿ ಬೇರೆ ಅಲ್ಲೇ ಇದ್ದರು, ಅವರೂ ನಕ್ಕರು. ವಸಂತನಿಗೆ ಮೈಯೆಲ್ಲ ಉರಿದುಹೋಯಿತು.

"ಕನ್ನಡ ಬಿ.ಎ. ಮಾಡಿದೋಳಿಗೆ ವಿಜ್ಞಾನ ಏನ್ ಗೊತ್ತಾಗುತ್ತೆ? ಒಳಗೋಗಿ ಸಾರು ನೋಡ್ಕೋ!"

"ಸಾರೂ ನೀವೇ ನೋಡ್ಕೊಳ್ಳಿ," ಅಂದಳು. ಆ ಸಂಜೆಯೇ ಬಸ್ಸು ಹತ್ತಿ ಹಲಸೂರಿನಲ್ಲಿ ತಮ್ಮ ಸೀನನ ಮನೆ ಸೇರಿದಳು.

ಮೊದಲ ದಿನ ವಸಂತನಿಗೆ ಸ್ವಾತಂತ್ರ್ಯ ಬಂದಂತಾಯಿತು. ಮಾರನೇ ದಿನದಿಂದ ಮನೆ ಬಿಕೋ ಅನ್ನತೊಡಗಿತು. ಅಭ್ಯಾಸಬಲದಿಂದ ಎರಡು ಲೋಟ ಕಾಫಿ ಬೆರೆಸುವುದು, ಒಂದನ್ನು ಕುಡಿದು ಇನ್ನೊಂದರ ಮುಖ ನೋಡುತ್ತ ಕೂರುವುದು. ಉಪ್ಪಿಟ್ಟು ಸೀದರೆ ಬೈಯೋಕೂ ಒಂದು ಜನ ಬೇಡವೇ? ಮಾತಿರಲಿ ಅಂತ ರೇಡಿಯೋ ಹಾಕಿದ. ಅದು ಕೃಷಿರಂಗದಲ್ಲಿ ರಾಗಿ ಬಿತ್ತನೆಯ ವಿಷಯವೇ ಹೇಳಬೇಕೇ! ಪಟ್ಟನೆ ಆರಿಸಿದ.

ವಾಪಸು ಬಾ ಅನ್ನಲು ಗಂಡಸಿನ ಅಭಿಮಾನ ಬಿಡದು. ಆದರೆ ಪದ ಕೇಳೋಕೇನಂತೆ? ಫೋನ್ ತಿರುಗಿಸಿದ.

"ನಾನು. ಲೇಖನದ ವಿಷಯ, ಬೇರೇನಿಲ್ಲ. ವಿಕರ್ಷಣೆಗೆ ಇನ್ನೊಂದು ಪದ ಹೇಳು."

"ದೂರ ತಳ್ಳೋದು."

"ಹೂಂ. ಊಟ ಆಯ್ತಾ?"

"ಅದೂ ಲೇಖನದಲ್ಲಿದೆಯಾ?" ಫೋನ್ ಇಟ್ಟಳು.

ಹೀಗೆ ದಿನಾ ಸಂಜೆ ಒಂದೊಂದು ಪದ. ಅವಳು ಹೇಳುತ್ತಿದ್ದಳು, ಇವನು ಬರೆದುಕೊಳ್ಳುತ್ತಿದ್ದ. ಕಡೆಗೆ ಲೇಖನ ಮುಗಿದೇಹೋಯಿತು. ಸೀನನ ಕಣ್ಣಿಗೆ ಬೀಳಬಾರದೆಂದು ಅವನಿಗೆ ಕೊಡದೆ, ಶಿವಾಜಿನಗರದಲ್ಲಿ ಸಂಚಿಕೆ ಅಚ್ಚು ಮಾಡುತ್ತಿದ್ದ ಅಕ್ತರ್ ಪ್ರೆಸ್ಸಿಗೆ ತಾನೇ ಹೋಗಿ ಕೊಟ್ಟುಬಂದ. ಲೇಖನ ಮುಗಿಯಿತು ಅಂತ ಯಮುನಾಗೆ ಗೊತ್ತಾದರೆ ಫೋನ್ ಮಾಡೋಕೆ ನೆಪ ಎಲ್ಲಿಂದ ತರೋದು?

ಫೋನ್ ಅಂತೂ ನಿಲ್ಲಲಿಲ್ಲ. ಪುಸ್ತಕದ ಪದಗಳೆಲ್ಲ ಖರ್ಚಾಗಿ ಒಂದು ಸಂಜೆ, "ಬೇಜಾರು ಅನ್ನೋದಕ್ಕೆ ಇನ್ನೊಂದು ಪದ ಏನು?" ಅಂದುಬಿಟ್ಟ.

ಯಮುನಾ ಮೆಲ್ಲಗೆ ಕೇಳಿದಳು.

"ಅಯಸ್ಕಾಂತಕ್ಕೆ ಬೇಜಾರಾಗುತ್ತೇನ್ರಿ?"

"ಆಗುತ್ತೆ ಕಣೇ. ತುಂಬಾ ಆಗುತ್ತೆ."

"ನಿಮ್ಮ ಲೇಖನದ ಪ್ರೂಫ್ ಪ್ರೆಸ್ಸಿಂದ ಬಂದು ಎಷ್ಟೋ ದಿನ ಆಯ್ತು. ಪ್ರೂಫ್ ಯಾವಾಗ್ಲೂ ಕಾರ್ಯದರ್ಶಿ ಮನೆಗೇ ಬರೋದು, ಮರೆತ್ರಾ? ಸೀನನಿಗೆ ಒತ್ತಕ್ಷರ ಗೊತ್ತಾಗಲ್ಲ. ಈ ಕನ್ನಡ ಬಿ.ಎ.ನೇ ತಿದ್ದಿ ಕಳಿಸಿದ್ದು."

ವಸಂತ ರಿಸೀವರನ್ನು ಇನ್ನೊಂದು ಕಿವಿಗೆ ಬದಲಾಯಿಸಿದ. "ಮತ್ತೆ ಇಷ್ಟು ದಿನ ಪದ ಯಾಕೆ ಹೇಳ್ತಿದ್ದೆ?"

"ನೀವ್ಯಾಕೆ ಕೇಳ್ತಿದ್ರಿ?"

ನಿಘಂಟು ಮೇಜಿನ ಮೇಲೇ ಇತ್ತು. ಅದನ್ನು ಮುಟ್ಟಲಿಲ್ಲ. "ತಪ್ಪಾಯ್ತು ಕಣೇ. ನೀನಿಲ್ದೆ ಇರೋಕಾಗ್ತಿಲ್ಲ. ಬಂದ್ಬಿಡು," ಅಂದ.

ತಕ್ಷಣ ಹಲಸೂರಿನಿಂದ ಸೀನನ ಕೂಗು ಕೇಳಿಸಿತು. "ಅಂತೂ ಬಾಯಿಬಿಟ್ರಲ್ಲ ಭಾವ! ಆಟೋ ಮಾಡ್ಕೊಂಡ್ ಬನ್ನಿ!" ಮನೆಮಂದಿಯೆಲ್ಲ ಫೋನಿಗೆ ಕಿವಿಗೊಟ್ಟು ನಿಂತಿದ್ದರು ಅಂತ ಆಗ ಗೊತ್ತಾಯಿತು.

ಹಲಸೂರು ಕೆರೆ ದಾಟಿ ಸೀನನ ಮನೆ ಮುಂದೆ ಆಟೋ ನಿಂತಾಗ ಯಮುನಾ ಬ್ಯಾಗು ಹಿಡಿದು ಗೇಟಿನಲ್ಲೇ ಕಾಯುತ್ತಿದ್ದಳು.

"ಇಷ್ಟು ಬೇಗ ಬಟ್ಟೆ ಜೋಡಿಸಿದ್ಯಾ?"

"ಪ್ರೂಫ್ ಬಂದ ದಿನಾನೇ ಜೋಡಿಸಿಟ್ಟಿದ್ದೆ. ಮುಗಿದ ಲೇಖನಕ್ಕೂ ಪದ ಕೇಳ್ತಿದಾರಲ್ಲ, ನಾಳೆ ಕರೀತಾರೆ, ನಾಳೆ ಕರೀತಾರೆ ಅಂತ ಕಾದೆ."

ವಸಂತ ಸೀದ ಉಪ್ಪಿಟ್ಟಿನ ಬೆಳಗುಗಳನ್ನೆಲ್ಲ ನೆನೆದು ಹಣೆ ಚಚ್ಚಿಕೊಂಡ. ಯಮುನಾ ಆಟೋ ಹತ್ತಿ, ಅವನಿಗೆ ಕೂರಲು ಜಾಗ ಬಿಟ್ಟಳು.